ರೀಲುಗಳ ಕಣಜ ಕಟ್ಟಿದ ಪಿ.ಕೆ. ನಾಯರ್

ಭಾರತೀಯ ಚಲನಚಿತ್ರದ ಚರಿತ್ರೆಯನ್ನು ಹೇಳುವ ಕಾರ್ಯಕ್ರಮ ದೂರದರ್ಶನದಲ್ಲಿ ಬಂದಾಗ, ಕಾಳಿಂಗನ ಹೆಡೆಯ ಮೇಲೆ ಕುಣಿಯುವ ಬಾಲಕೃಷ್ಣನ ದೃಶ್ಯವನ್ನು ಅನೇಕರು ನೋಡಿರಬಹುದು. ದಾದಾಸಾಹೇಬ್ ಫಾಲ್ಕೆಯವರು 1919ರಲ್ಲಿ ತೆಗೆದ ‘ಕಾಲಿಯ ಮರ್ದನ’ ಎಂಬ ಮೂಕಿಚಿತ್ರದ ತುಣುಕು ಅದು. ಕೃಷ್ಣನಾಗಿ ನಟಿಸಿದವಳು ಅವರ ಪುಟ್ಟ ಮಗಳು ಮಂದಾಕಿನಿ. ನೂರು ವರ್ಷ ಕಳೆದರೂ ಆ ಬಾಲೆಯ ಕುಣಿತ ನಮ್ಮ ಕಣ್ಣಿಗೆ ಬೀಳುತ್ತಿದ್ದರೆ, ಅದರ ಹಿಂದೆ ಪುಣೆಯಲ್ಲಿ ನೆಲೆಸಿದ ಮಲಯಾಳಿಯೊಬ್ಬರ ಹಟವಿದೆ.

ಪಿ.ಕೆ. ನಾಯರ್ ಹುಟ್ಟಿದ್ದು 1933ರಲ್ಲಿ, ತಿರುವನಂತಪುರದಲ್ಲಿ. ಮನೆಯವರಿಗೆ ಸಿನಿಮಾ ಹಿಡಿಸದು. ಹುಡುಗನಿಗೆ ಅದೇ ಪ್ರಾಣ. ನೋಡಿದ ಚಿತ್ರಗಳ ಟಿಕೆಟಿನ ತುಂಡುಗಳನ್ನೂ, ತೂಕದ ಯಂತ್ರದಿಂದ ಬೀಳುತ್ತಿದ್ದ ತಾರೆಯರ ಚಿತ್ರವಿದ್ದ ಚೀಟಿಗಳನ್ನೂ ಆತ ಜೋಪಾನವಾಗಿ ಕೂಡಿಡುತ್ತಿದ್ದ. ನಿರ್ದೇಶಕನಾಗಬೇಕೆಂದು ಮುಂಬಯಿಗೆ ಹೋದರು. ಅದು ತಮ್ಮ ದಾರಿಯಲ್ಲವೆಂದು ಅಲ್ಲಿ ಮನದಟ್ಟಾಯಿತು. 1961ರಲ್ಲಿ ಪುಣೆಯ ಚಲನಚಿತ್ರ ಸಂಸ್ಥೆಯನ್ನು ಸೇರಿದರು. 1964ರಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಸ್ಥಾಪನೆಯಾಯಿತು. ಮರುವರ್ಷದಿಂದ 1991ರ ನಿವೃತ್ತಿಯವರೆಗೆ ಅದೇ ಅವರ ಬಾಳಾಯಿತು.

ಅಂದು ಹಳೆಯ ರೀಲಿಗೆ ಇದ್ದ ಬೆಲೆ ಒಂದೇ, ಬೆಳ್ಳಿಯ ಬೆಲೆ. ಕಪ್ಪುಬಿಳುಪು ಫಿಲ್ಮಿನ ಲೇಪದಲ್ಲಿ ಬೆಳ್ಳಿಯ ಅಂಶವಿರುತ್ತದೆ. ಓಟ ಮುಗಿದ ಚಿತ್ರಗಳನ್ನು ಮಾರಿದರೆ, ಕೊಂಡವರು ಬೆಳ್ಳಿಯನ್ನು ಬೇರ್ಪಡಿಸಿಕೊಳ್ಳುತ್ತಿದ್ದರು. ಕಥೆ, ಮುಖ, ಅಭಿನಯ ಎಲ್ಲವೂ ನಾಶವಾಗುತ್ತಿದ್ದವು. ಇಂತಹ ಕಾಲದಲ್ಲಿ ನಾಯರ್ ಊರೂರು ಅಲೆದರು. ಫಾಲ್ಕೆಯವರ ಕುಟುಂಬದಿಂದ ದೊರೆತ ‘ಕಾಲಿಯ ಮರ್ದನ’ ಚೂರುಚೂರಾಗಿತ್ತು. ಫಾಲ್ಕೆಯವರೇ ಬರೆದಿಟ್ಟಿದ್ದ ಟಿಪ್ಪಣಿಗಳ ನೆರವಿನಿಂದ ಆ ಚೂರುಗಳನ್ನು ಕ್ರಮವಾಗಿ ಜೋಡಿಸಲಾಯಿತು. ಒಳ್ಳೆಯ ಚಿತ್ರ, ಕೆಟ್ಟ ಚಿತ್ರ ಎಂಬ ಭೇದವನ್ನು ಅವರು ಎಣಿಸಲಿಲ್ಲ. ಯಾವುದು ಮುಂದೆ ಬೇಕಾದೀತೆಂದು ಇಂದೇ ತೀರ್ಮಾನಿಸಲು ನಾವಾರು? ನಿವೃತ್ತಿಯ ವೇಳೆಗೆ ಸಂಗ್ರಹ 12,000 ಚಿತ್ರಗಳನ್ನು ಮುಟ್ಟಿತ್ತು.

ಕೂಡಿಟ್ಟದ್ದಕ್ಕೆ ಬೀಗ ಜಡಿದು ಕೂರುವ ಸ್ವಭಾವ ಅವರದಲ್ಲ. ಕೆ.ವಿ. ಸುಬ್ಬಣ್ಣನವರ ಹೆಗ್ಗೋಡಿಗೂ ನಾಯರ್ ಬಂದರು. ಅಲ್ಲಿನ ನೀನಾಸಂ ರಸಗ್ರಹಣ ಶಿಬಿರಗಳಲ್ಲಿ ಅಡಿಕೆ ಬೆಳೆಗಾರರು ಜಪಾನಿನ ‘ರಾಶೋಮನ್’ ನೋಡಿ ಚರ್ಚಿಸಿದರು. ನಾಯರ್ ಅವರ ಬದುಕನ್ನು ಕುರಿತು ಶಿವೇಂದ್ರ ಸಿಂಗ್ ಡುಂಗರ್‌ಪುರ್ 2012ರಲ್ಲಿ ‘ಸೆಲ್ಯುಲಾಯ್ಡ್ ಮ್ಯಾನ್’ ಎಂಬ ಸಾಕ್ಷ್ಯಚಿತ್ರವನ್ನು ತೆಗೆದರು. 2016ರ ಮಾರ್ಚ್‌ನಲ್ಲಿ ನಾಯರ್ ಪುಣೆಯಲ್ಲಿಯೇ ತೀರಿಕೊಂಡರು.

ಅವರ ಕೈಗೂ ಸಿಗದೆ ಹೋದವು ಹಲವು. ದೇಶದ ಮೊದಲ ವಾಕ್ಚಿತ್ರ ‘ಆಲಂ ಆರಾ’ ಸಿಗಲಿಲ್ಲ. ತೆರೆಕಂಡ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ವೂ ಉಳಿದಿಲ್ಲ. 1934ರ ಆ ಕನ್ನಡ ಚಿತ್ರ ತಯಾರಾದದ್ದು ಗಡಿಯಾಚೆಯ ಕೊಲ್ಹಾಪುರದಲ್ಲಿ. ಅದರಲ್ಲಿ ಇಂದ್ರಜಿತನಾಗಿದ್ದವರು ಸುಬ್ಬಯ್ಯ ನಾಯ್ಡು, ರಾವಣನಾಗಿದ್ದವರು ಆರ್. ನಾಗೇಂದ್ರರಾಯರು, ಸುಲೋಚನೆಯಾಗಿದ್ದವರು ತ್ರಿಪುರಾಂಬ. ಹೆಸರುಗಳನ್ನು ನಮ್ಮ ಮಕ್ಕಳಿಗೆ ಹೇಳಬಹುದು. ತೆರೆಯ ಮೇಲೆ ಅವರು ಆಡಿದ ಮಾತನ್ನು ಕೇಳಿಸಲಾರೆವು.