ರೂಪದರ್ಶಿಯ ಗಾಂಭೀರ್ಯ, ತುಂಟತನ ಮತ್ತು ಇಳಕಲ್ ಸೀರೆಯ ಸೆರಗು

ಬಾಗಲಕೋಟೆ: ಮಣಿರತ್ನಂ ನಿರ್ದೇಶನದ 'ಗುರು' ಹಿಂದಿ ಚಿತ್ರ 2007ರ ಜನವರಿಯಲ್ಲಿ ತೆರೆಕಂಡಾಗ ಜಿಲ್ಲೆಯ ಪ್ರೇಕ್ಷಕರಿಗೆ ಅದರ ಮಳೆ ಹಾಡಿನಲ್ಲಿ ಪರಿಚಿತ ಕಲ್ಲುಗಳು ಕಂಡವು. ಸರೋಜ್ ಖಾನ್ ನೃತ್ಯ ಸಂಯೋಜಿಸಿದ ಆ ಹಾಡು ಮೇಲುಕೋಟೆಯ ಜೊತೆಗೆ ಬಾದಾಮಿಯಲ್ಲೂ ಚಿತ್ರೀಕರಣಗೊಂಡಿತ್ತು. ಮಳೆಯಲ್ಲಿ ನೆನೆಯುತ್ತ ಕುಣಿದವರು ಮಾಜಿ ವಿಶ್ವಸುಂದರಿ ಐಶ್ವರ್ಯಾ ರೈ. ಅಷ್ಟೆಲ್ಲ ಕುಣಿದರೂ ಆಕೆಯ ಘನತೆಗೆ ಕುಂದು ಬಂದಂತೆ ಯಾರಿಗೂ ಅನ್ನಿಸಲಿಲ್ಲ. ಇದು ಹೇಗೆ ಸಾಧ್ಯವಾಯಿತು?

ಮಂಗಳೂರಿನಲ್ಲಿ ಜನಿಸಿದ ಐಶ್ವರ್ಯಾ ದೇಶದ ಕಣ್ಣಿಗೆ ಮೊದಲು ಬಿದ್ದದ್ದು ತುಂಟ ಹುಡುಗಿಯಾಗಿ. 1993ರ ಪೆಪ್ಸಿ ಜಾಹೀರಾತಿನಲ್ಲಿ ಅವರು ಕಾಣಿಸಿಕೊಂಡದ್ದು ಕೆಲವೇ ಕ್ಷಣ. ಮರುವರ್ಷ ದಕ್ಷಿಣ ಆಫ್ರಿಕದ ಸನ್ ಸಿಟಿಯಲ್ಲಿ ವಿಶ್ವಸುಂದರಿ ಕಿರೀಟ ತೊಟ್ಟಾಗ ಆ ಚೇಷ್ಟೆಯ ಮುಖದ ಮೇಲೆ ಗಾಂಭೀರ್ಯದ ಮುಖ ಬಂದು ಕೂತಿತು. 2002ರಲ್ಲಿ 'ದೇವದಾಸ್' ಚಿತ್ರದೊಂದಿಗೆ ಕಾನ್ ಚಿತ್ರೋತ್ಸವಕ್ಕೆ ತೆರಳಿದಾಗ ಉಟ್ಟದ್ದು ನೀತಾ ಲುಲ್ಲಾ ವಿನ್ಯಾಸದ ಹಳದಿ ಸೀರೆ, ತೊಟ್ಟದ್ದು ಭಾರಿ ಆಭರಣ. ಕೇವಲ ಗಾಂಭೀರ್ಯವೇ ಉಳಿದಿದ್ದರೆ ಆಕೆ ಗೋಡೆಯ ಕ್ಯಾಲೆಂಡರಿನ ಚಿತ್ರವಾಗಿ ನಿಂತುಬಿಡುತ್ತಿದ್ದರೋ ಏನೋ. ಮಳೆ ಹಾಡು ಆ ಹಳೆಯ ತುಂಟ ಹುಡುಗಿಯನ್ನು ಮತ್ತೆ ಹೊರಗೆ ಕರೆತಂದಿತು.

ರೂಪದರ್ಶಿಯ ವ್ಯಕ್ತಿಚಿತ್ರದ ಗುಟ್ಟು ಇರುವುದು ಕೆಲಸ ಹಂಚಿಕೊಡುವುದರಲ್ಲಿ. ಉಡುಪು ಗಂಭೀರವಾಗಿದ್ದರೆ ಕಣ್ಣು, ತುಟಿ, ನಡಿಗೆಗಳು ಆಟವಾಡಬಹುದು. ಉಡುಪೇ ಚೆಲ್ಲಾಟವಾಡುತ್ತಿದ್ದರೆ ಮುಖ ಶಾಂತವಾಗಿರಬೇಕು. ಎರಡೂ ಒಟ್ಟಿಗೆ ಕುಣಿದರೆ ಅದು ವೇಷವಾಗುತ್ತದೆ. ಎರಡೂ ಒಟ್ಟಿಗೆ ಬಿಗಿದರೆ ಬಟ್ಟೆ ಅಂಗಡಿಯ ಗೊಂಬೆ.

ಈ ಪಾಠವನ್ನು ಬಾದಾಮಿಯ ಶಿಲ್ಪಿಗಳು ಬಹಳ ಹಿಂದೆಯೇ ಬಲ್ಲವರಾಗಿದ್ದರು. ಚಾಲುಕ್ಯ ಮಂಗಳೇಶ ಮಾಡಿಸಿದ, ಕ್ರಿ.ಶ. 578ರಲ್ಲಿ ಸಿದ್ಧವಾದ ಮೂರನೆಯ ಗುಹೆಯೊಳಗೆ ವಿಷ್ಣುವಿನ ಬೃಹತ್ ಮೂರ್ತಿಗಳು ನಿಶ್ಚಲವಾಗಿ ಕುಳಿತಿವೆ, ನಿಂತಿವೆ. ತಲೆಯೆತ್ತಿ ನೋಡಿದರೆ ಕಂಬಗಳ ಮೇಲಿನ ಬೋದಿಗೆಗಳಲ್ಲಿ ಗಂಡು ಹೆಣ್ಣಿನ ಜೋಡಿಗಳು ಒಬ್ಬರನ್ನೊಬ್ಬರು ಒರಗಿಕೊಂಡು ಸರಸದಲ್ಲಿವೆ. ಕೆಳಗೆ ಗಾಂಭೀರ್ಯ, ಮೇಲೆ ಸಲ್ಲಾಪ. ಫೋಟೊ ತೆಗೆಸಿಕೊಳ್ಳಲು ಇಲ್ಲಿಗೆ ಬರುವ ಜೋಡಿಗಳು ತಲೆಯೆತ್ತಿ ನೋಡುವುದು ಕಡಿಮೆ. ಅವರ ಗಮನವೆಲ್ಲ ಮಂಗಗಳ ಮೇಲೆ.

ಬಾದಾಮಿಯಿಂದ ಗುಳೇದಗುಡ್ಡದ ಮೂಲಕ ಹುನಗುಂದ ದಾಟಿ ಇಳಕಲ್ ತಲುಪಿದರೆ ಇದೇ ಹಂಚಿಕೆ ಬಟ್ಟೆಯಲ್ಲಿ ಕಾಣಸಿಗುತ್ತದೆ. ಇಳಕಲ್ ಸೀರೆಯ ಮೈ ಬಹುತೇಕ ಸರಳ: ಸಣ್ಣ ಗೆರೆ, ಚೌಕುಳಿ, ಇಲ್ಲವೇ ಒಂದೇ ಬಣ್ಣ. ದಾಳಿಂಬೆ ಕೆಂಪು, ನವಿಲು ಹಸಿರು, ಗಿಳಿ ಹಸಿರು ಇವು ಹಳೆಯ ಮೆಚ್ಚಿನ ಬಣ್ಣಗಳು. ಗೋಮಿ, ಪರಾಸಪೇಟಿ, ಗಾಡಿ ಎಂಬ ದಡಿಗಳು ಅದಕ್ಕೆ ಗಡಿ ಹಾಕುತ್ತವೆ. ಆಟವೆಲ್ಲ ಸೆರಗಿನಲ್ಲಿ. ಕೆಂಪು ಬಿಳುಪಿನ ತೋಪುತೆನೆ ಸೆರಗಿನಲ್ಲಿ ಕೋಟೆಯ ಕೊಮ್ಮೆ, ಬಾಚಣಿಗೆಯ ಹಲ್ಲು, ಜೋಳದ ತೆನೆಗಳು ಸಾಲಾಗಿ ನಿಲ್ಲುತ್ತವೆ. ಜೊತೆಗೆ ಗುಳೇದಗುಡ್ಡದ ಖಣದ ಕುಪ್ಪಸ ತೊಟ್ಟರೆ ಉಡುಪು ಪೂರ್ಣ.

ಹಾಗಿದ್ದರೂ ಈ ಸೀರೆಗೆ ನ್ಯಾಯ ಒದಗಿಸಿದ ಚಿತ್ರಗಳು ವಿರಳ. ನಾಟಕ, ಸಿನಿಮಾಗಳಲ್ಲಿ ಇಳಕಲ್ ಸೀರೆ ಎಂದರೆ ಒಂದೋ ಅಜ್ಜಿಯ ಗಾಂಭೀರ್ಯ, ಇಲ್ಲವೇ ನಗಿಸಲು ಬರುವ ಹಳ್ಳಿ ಹೆಂಗಸಿನ ಗುರುತು. ಫ್ಯಾಶನ್ ಛಾಯಾಚಿತ್ರಗಳಲ್ಲಿ ಇನ್ನೊಂದು ತೊಡಕಿದೆ. ಸಾಮಾನ್ಯ ರೀತಿಯಲ್ಲಿ ಉಟ್ಟರೆ ಸೆರಗು ಬೆನ್ನ ಹಿಂದೆ ಬೀಳುತ್ತದೆ. ಎದುರು ನಿಂತ ಕ್ಯಾಮೆರಾಗೆ ಸಿಗುವುದು ಮೈ ಮತ್ತು ದಡಿ ಮಾತ್ರ. ನಮ್ಮ ಭಾಗದ ಹಿರಿಯ ಮಹಿಳೆಯರಂತೆ ತಲೆಯ ಮೇಲೆ ಹೊದ್ದರೆ, ಅಥವಾ ರೂಪದರ್ಶಿ ಸೆರಗನ್ನು ಕೈಗೆ ತೆಗೆದುಕೊಂಡು ತಿರುಗಿದರೆ, ಆಗ ಸೀರೆ ಮಾತನಾಡುತ್ತದೆ. ಸೆರಗಿನ ಉದ್ದ ಸಾಮಾನ್ಯವಾಗಿ 16ರಿಂದ 27 ಇಂಚು ಮಾತ್ರ. ಹಾಗಾಗಿ ಇಷ್ಟನ್ನು ತೋರಿಸದೇ ಹೋದರೆ ಉಳಿದದ್ದನ್ನು ಯಾವ ಊರಿನ ಸೀರೆ ಎಂದೂ ಹೇಳಬಹುದು.

ನೇಕಾರರ ದೃಷ್ಟಿಯಿಂದ ಇದು ಬರೀ ಅಂದಚೆಂದದ ಪ್ರಶ್ನೆಯಲ್ಲ. ಇಳಕಲ್‌ನಲ್ಲಿ ಮೈಯ ಹಾಸು, ಸೆರಗಿನ ಹಾಸು ಬೇರೆಬೇರೆಯಾಗಿ ಸಿದ್ಧವಾಗುತ್ತವೆ. ಅವುಗಳ ಎಳೆಗಳನ್ನು ಒಂದಕ್ಕೊಂದು ಕುಣಿಕೆ ಹಾಕಿ ಜೋಡಿಸುವ ವಿಧಾನಕ್ಕೆ 'ಕೊಂಡಿ' ಎಂದು ಹೆಸರು. ಪ್ರತಿ ಸೀರೆಗೂ ಹಾಸನ್ನು ಹೊಸದಾಗಿ ಹೂಡಬೇಕು. ಭೌಗೋಳಿಕ ಸೂಚಕ ಮಾನ್ಯತೆ ಪಡೆದ ಸೀರೆಯ ಶ್ರಮವೆಲ್ಲ ಅಲ್ಲಿ ಅಡಗಿದೆ. ಜಾಹೀರಾತು ಗೆರೆ, ಬಣ್ಣಗಳನ್ನಷ್ಟೇ ಜನಪ್ರಿಯಗೊಳಿಸಿದರೆ, ಅದೇ ಗೆರೆ ಬಣ್ಣಗಳನ್ನು ಅಗ್ಗದ ಬಟ್ಟೆಯ ಮೇಲೆ ಮುದ್ರಿಸಿ ಮಾರುವವರಿಗೆ ಲಾಭ; ಕೊಂಡಿ ಹಾಕಿದ ಕೈಗಲ್ಲ.

ಚಿತ್ರ ನೋಡಿ ಮನಸೋತು ಅಂಗಡಿಗೆ ಹೋಗುವವರು ಸೀರೆಯ ಮೈ ಮುಗಿದು ಸೆರಗು ಆರಂಭವಾಗುವ ಜಾಗವನ್ನು ತಿರುಗಿಸಿ ನೋಡಬೇಕು. ಎಳೆಗಳು ಒಂದನ್ನೊಂದು ಹಿಡಿದ ಸಣ್ಣ ಕುಣಿಕೆಗಳ ಸಾಲು ಬೆರಳಿಗೆ ತಾಗಿದರೆ ಅದೇ ಕೊಂಡಿ.