ಕೋಶ ಚಿಕಿತ್ಸೆಗೆ ಮುನ್ನ ದೇಹದ ಸಿದ್ಧತೆ: ಅಲ್ಪ ಬೆಲೆಯ ಹಂತ, ಭಾರಿ ಬೆಲೆಯ ಫಲ

ರಕ್ತದ ಕ್ಯಾನ್ಸರಿನ ಕೆಲವು ಬಗೆಗಳಿಗೆ ರೋಗಿಯ ಸ್ವಂತ ಜೀವಕೋಶಗಳನ್ನೇ ಔಷಧವನ್ನಾಗಿ ಮಾರ್ಪಡಿಸಿ ನೀಡುವ ಕಾರ್-ಟಿ ಚಿಕಿತ್ಸೆಯು ಇಂದು ಭಾರತದಲ್ಲಿಯೂ ಲಭ್ಯವಿದೆ. 2017ರ ಆಗಸ್ಟ್ ತಿಂಗಳಲ್ಲಿ ಅಮೆರಿಕದಲ್ಲಿ ಅನುಮತಿ ಪಡೆದ ಇಂತಹ ಮೊದಲ ಉತ್ಪನ್ನವಾದ ಕಿಮ್ರಿಯಾದ ಬೆಲೆಯನ್ನು ಒಂದು ಬಾರಿಯ ಚಿಕಿತ್ಸೆಗೆ 4,75,000 ಡಾಲರ್ ಎಂದು ನಿಗದಿಪಡಿಸಲಾಗಿತ್ತು. ಅಂದಿನಿಂದ ಈ ಚಿಕಿತ್ಸೆಯ ಕುರಿತು ನಡೆದ ಚರ್ಚೆಯಲ್ಲಿ ಹೆಚ್ಚಿನ ಪಾಲು ಬೆಲೆಯದೇ ಆಗಿದೆ. ಆದರೆ ಆ ದುಬಾರಿ ಕೋಶಗಳು ರೋಗಿಯ ದೇಹವನ್ನು ಸೇರುವ ಮುನ್ನ ನಡೆಯುವ ಕೆಲವೇ ದಿನಗಳ ಸಿದ್ಧತೆಯ ಕಡೆಗೆ ಸಾರ್ವಜನಿಕರ ಗಮನ ಅಷ್ಟಾಗಿ ಹರಿದಿಲ್ಲ. ದಶಕಗಳಷ್ಟು ಹಳೆಯದಾದ ಎರಡು ಔಷಧಗಳಿಂದ ನಡೆಯುವ ಈ ಹಂತವು ಸರಿಯಾಗಿ ಆಗದಿದ್ದರೆ ಲಕ್ಷಾಂತರ ರೂಪಾಯಿಯ ಉತ್ಪನ್ನವು ನಿರೀಕ್ಷಿತ ಫಲ ನೀಡದೆ ಹೋಗುವ ಸಂಭವವಿದೆ. ವೈದ್ಯರು ಈ ಹಂತವನ್ನು ಲಿಂಫೋಡಿಪ್ಲೀಶನ್ ಎಂದು ಕರೆಯುತ್ತಾರೆ. ರೋಗನಿರೋಧಕ ಕೋಶಗಳಾದ ಲಿಂಫೋಸೈಟ್‌ಗಳನ್ನು ತಾತ್ಕಾಲಿಕವಾಗಿ ಕಡಿಮೆ ಮಾಡುವುದು ಎಂಬುದು ಇದರ ಅರ್ಥ.

ಉತ್ಪನ್ನದ ಸ್ವರೂಪ

ಮನುಷ್ಯನ ರಕ್ತದಲ್ಲಿರುವ ಬಿಳಿ ಕಣಗಳ ಪೈಕಿ ಟಿ-ಕೋಶಗಳೆಂಬ ಒಂದು ವರ್ಗವಿದೆ. ಸೋಂಕಿಗೆ ಒಳಗಾದ ಕೋಶಗಳನ್ನು ಗುರುತಿಸಿ ನಾಶಪಡಿಸುವುದು ಇವುಗಳ ಮುಖ್ಯ ಕೆಲಸಗಳಲ್ಲೊಂದು. ಕ್ಯಾನ್ಸರ್ ಕೋಶಗಳು ದೇಹದ ಸ್ವಂತ ಕೋಶಗಳನ್ನೇ ಹೋಲುವುದರಿಂದ ಟಿ-ಕೋಶಗಳ ಕಣ್ಣಿಗೆ ಅವು ಅನೇಕ ವೇಳೆ ಬೀಳುವುದಿಲ್ಲ. ಈ ಕೊರತೆಯನ್ನು ನೀಗಿಸಲು ರೋಗಿಯ ರಕ್ತದಿಂದ ಟಿ-ಕೋಶಗಳನ್ನು ಯಂತ್ರದ ಮೂಲಕ ಬೇರ್ಪಡಿಸಿ, ಪ್ರಯೋಗಾಲಯದಲ್ಲಿ ಅವುಗಳಿಗೆ ಹೊಸದೊಂದು ಜೀನನ್ನು ಸೇರಿಸಿ, ಕ್ಯಾನ್ಸರ್ ಕೋಶದ ಮೇಲ್ಮೈಯಲ್ಲಿರುವ ಗುರುತನ್ನು ಹಿಡಿಯುವ ಸಾಮರ್ಥ್ಯವನ್ನು ನೀಡಲಾಗುತ್ತದೆ. ಬಳಿಕ ಅವುಗಳ ಸಂಖ್ಯೆಯನ್ನು ವೃದ್ಧಿಸಿ, ಗುಣಮಟ್ಟವನ್ನು ಪರೀಕ್ಷಿಸಿ, ಅತಿಶೀತ ಸ್ಥಿತಿಯಲ್ಲಿ ಆಸ್ಪತ್ರೆಗೆ ತಲುಪಿಸಲಾಗುತ್ತದೆ. ಈ ಕಾರ್ಯಕ್ಕೆ ಸಾಮಾನ್ಯವಾಗಿ ಎರಡರಿಂದ ನಾಲ್ಕು ವಾರಗಳು ಬೇಕಾಗುತ್ತವೆ.

ತಯಾರಿಕೆಯ ದೃಷ್ಟಿಯಿಂದ ನೋಡಿದರೆ ಇದು ಒಬ್ಬನೇ ಗ್ರಾಹಕನಿಗಾಗಿ, ಅವನದೇ ಕಚ್ಚಾವಸ್ತುವಿನಿಂದ, ಒಂದೇ ಬಾರಿ ಸಿದ್ಧವಾಗುವ ಸರಕು. ಕೆಟ್ಟುಹೋದರೆ ಇನ್ನೊಂದು ದಾಸ್ತಾನಿನಿಂದ ತೆಗೆದುಕೊಡುವ ಅವಕಾಶವಿಲ್ಲ.

ತೆರವು ಏಕೆ ಬೇಕು?

ಕ್ಯಾನ್ಸರಿನೊಡನೆ ಹೋರಾಡಬೇಕಾದ ರೋಗಿಯ ರೋಗನಿರೋಧಕ ಕೋಶಗಳನ್ನು ಉದ್ದೇಶಪೂರ್ವಕವಾಗಿ ಕಡಿಮೆ ಮಾಡುವುದು ಮೇಲ್ನೋಟಕ್ಕೆ ವಿಪರೀತವೆಂದು ತೋರಬಹುದು. ಇದಕ್ಕೆ ಮುಖ್ಯವಾಗಿ ಮೂರು ಕಾರಣಗಳಿವೆ.

ಮೊದಲನೆಯದು ಆಹಾರದ ಪ್ರಶ್ನೆ. ಟಿ-ಕೋಶಗಳು ಬದುಕಿ ವೃದ್ಧಿಯಾಗಲು ಇಂಟರ್‌ಲ್ಯೂಕಿನ್-7 ಮತ್ತು ಇಂಟರ್‌ಲ್ಯೂಕಿನ್-15 ಎಂಬ ರಾಸಾಯನಿಕ ಸಂದೇಶಗಳು ಅವಶ್ಯಕ. ದೇಹದಲ್ಲಿ ಇವುಗಳ ಪೂರೈಕೆ ಮಿತವಾದದ್ದು. ಈಗಾಗಲೇ ನೆಲೆಸಿರುವ ಲಿಂಫೋಸೈಟ್‌ಗಳು ಅದನ್ನು ಬಳಸಿಕೊಳ್ಳುತ್ತಿರುವಾಗ ಹೊಸದಾಗಿ ಬಂದ ಕೋಶಗಳಿಗೆ ಉಳಿಯುವುದು ಅತ್ಯಲ್ಪ. ಹಳೆಯ ಕೋಶಗಳನ್ನು ಕಡಿಮೆ ಮಾಡಿದೊಡನೆ ಈ ಪೋಷಕಗಳ ಮಟ್ಟ ರಕ್ತದಲ್ಲಿ ಏರುತ್ತದೆ, ಹೊಸ ಕೋಶಗಳು ಶೀಘ್ರವಾಗಿ ಬೆಳೆಯುತ್ತವೆ. ಎರಡನೆಯದಾಗಿ, ರೋಗನಿರೋಧಕ ಕ್ರಿಯೆಯನ್ನು ಹತೋಟಿಯಲ್ಲಿಡುವ ನಿಯಂತ್ರಕ ಟಿ-ಕೋಶಗಳೂ ಈ ತೆರವಿನಲ್ಲಿ ಕಡಿಮೆಯಾಗುತ್ತವೆ. ಇದರಿಂದ ಹೊಸ ಕೋಶಗಳ ಕೆಲಸಕ್ಕೆ ಅಡ್ಡಿ ತಗ್ಗುತ್ತದೆ. ಮೂರನೆಯದಾಗಿ, ಪ್ರಯೋಗಾಲಯದಲ್ಲಿ ಸೇರಿಸಿದ ಜೀನಿನ ಭಾಗವನ್ನು ದೇಹವು ಪರಕೀಯವೆಂದು ಬಗೆದು ಆಕ್ರಮಿಸುವ ಸಾಧ್ಯತೆಯಿರುತ್ತದೆ. ಆಕ್ರಮಿಸಬೇಕಾದ ಕೋಶಗಳೇ ಕಡಿಮೆಯಿದ್ದಾಗ ಆ ಅಪಾಯವೂ ಕುಗ್ಗುತ್ತದೆ. ಉತ್ತಮ ಬೀಜವನ್ನು ತಂದ ರೈತನು ಕಳೆ ತೆಗೆದು ನೆಲವನ್ನು ಹದಗೊಳಿಸಿದ ಬಳಿಕವೇ ಬಿತ್ತುವಂತೆ ಇಲ್ಲಿಯೂ ಕೋಶಗಳಿಗಿಂತ ಮೊದಲು ನೆಲದ ಸಿದ್ಧತೆ ನಡೆಯುತ್ತದೆ.

2002ರ ಪ್ರಯೋಗ

ಈ ತತ್ವವನ್ನು ಮನುಷ್ಯರಲ್ಲಿ ಸ್ಪಷ್ಟವಾಗಿ ತೋರಿಸಿಕೊಟ್ಟ ಕೀರ್ತಿ ಅಮೆರಿಕದ ರಾಷ್ಟ್ರೀಯ ಕ್ಯಾನ್ಸರ್ ಸಂಸ್ಥೆಯ ಡಾ. ಸ್ಟೀವನ್ ರೋಸನ್‌ಬರ್ಗ್ ಅವರ ತಂಡಕ್ಕೆ ಸಲ್ಲುತ್ತದೆ. ಚರ್ಮದ ಕ್ಯಾನ್ಸರಿನ ಒಂದು ಉಗ್ರ ಬಗೆಯಾದ ಮೆಲನೋಮಾದ ಗಡ್ಡೆಯೊಳಗಿನಿಂದಲೇ ಟಿ-ಕೋಶಗಳನ್ನು ತೆಗೆದು, ಬೆಳೆಸಿ, ಮರಳಿ ನೀಡುವ ಪ್ರಯತ್ನವನ್ನು ಈ ತಂಡವು 1980ರ ದಶಕದಲ್ಲಿಯೇ ಆರಂಭಿಸಿತ್ತು. ಆದರೆ ಹಾಗೆ ನೀಡಿದ ಕೋಶಗಳು ದೇಹದಲ್ಲಿ ಹೆಚ್ಚು ಕಾಲ ಉಳಿಯುತ್ತಿರಲಿಲ್ಲ. ಕೋಶಗಳನ್ನು ನೀಡುವ ಮುನ್ನ ಸೈಕ್ಲೋಫಾಸ್ಫಮೈಡ್ ಮತ್ತು ಫ್ಲೂಡರಬಿನ್ ಔಷಧಗಳಿಂದ ಲಿಂಫೋಸೈಟ್‌ಗಳನ್ನು ಕಡಿಮೆ ಮಾಡಿದ ಪ್ರಯೋಗದ ಫಲಿತಾಂಶವನ್ನು ತಂಡವು 2002ರಲ್ಲಿ ಪ್ರಕಟಿಸಿತು. ಚಿಕಿತ್ಸೆ ಪಡೆದ 13 ರೋಗಿಗಳಲ್ಲಿ 6 ಮಂದಿಯ ಗಡ್ಡೆಗಳು ಗಣನೀಯವಾಗಿ ಕುಗ್ಗಿದವು. ಕೆಲವರಲ್ಲಿ ಹೊಸ ಕೋಶಗಳು ತಿಂಗಳುಗಳ ಕಾಲ ಉಳಿದುಕೊಂಡವು.

ಕಾರ್-ಟಿ ಚಿಕಿತ್ಸೆಯಲ್ಲಿಯೂ ಇದೇ ಅನುಭವ ಮರುಕಳಿಸಿತು. ಸಿಯಾಟಲ್ ನಗರದ ಫ್ರೆಡ್ ಹಚಿನ್ಸನ್ ಕೇಂದ್ರದ ಸಂಶೋಧಕರು 2016ರಲ್ಲಿ ಪ್ರಕಟಿಸಿದ ಅಧ್ಯಯನಗಳ ಪ್ರಕಾರ, ಸೈಕ್ಲೋಫಾಸ್ಫಮೈಡ್ ಜೊತೆಗೆ ಫ್ಲೂಡರಬಿನ್ ಅನ್ನೂ ಪಡೆದ ರೋಗಿಗಳಲ್ಲಿ ಕಾರ್-ಟಿ ಕೋಶಗಳು ಹೆಚ್ಚು ವೃದ್ಧಿಯಾಗಿ ಹೆಚ್ಚು ಕಾಲ ಉಳಿದವು. ಈ ಜೋಡಿಯೇ ಇಂದು ಬಹುತೇಕ ಕಾರ್-ಟಿ ಕೇಂದ್ರಗಳಲ್ಲಿ ರೂಢಿಯಲ್ಲಿದೆ.

ಔಷಧ ಮತ್ತು ವೇಳಾಪಟ್ಟಿ

ಸೈಕ್ಲೋಫಾಸ್ಫಮೈಡ್ ಅಮೆರಿಕದಲ್ಲಿ 1959ರಲ್ಲಿಯೂ ಫ್ಲೂಡರಬಿನ್ 1991ರಲ್ಲಿಯೂ ಅನುಮತಿ ಪಡೆದವು. ಎರಡಕ್ಕೂ ಈಗ ಪೇಟೆಂಟಿನ ತಡೆಯಿಲ್ಲ, ಭಾರತದ ಕಂಪನಿಗಳೂ ಇವುಗಳನ್ನು ತಯಾರಿಸುತ್ತವೆ. ಯೆಸ್ಕಾರ್ಟಾ ಎಂಬ ಉತ್ಪನ್ನದ ನಿಯಮದಂತೆ ದೇಹದ ಮೇಲ್ಮೈಯ ಪ್ರತಿ ಚದರ ಮೀಟರಿಗೆ 500 ಮಿಲಿಗ್ರಾಂ ಸೈಕ್ಲೋಫಾಸ್ಫಮೈಡ್ ಮತ್ತು 30 ಮಿಲಿಗ್ರಾಂ ಫ್ಲೂಡರಬಿನ್ ಅನ್ನು ಕೋಶ ನೀಡುವ ದಿನಕ್ಕೆ ಐದು, ನಾಲ್ಕು ಮತ್ತು ಮೂರು ದಿನಗಳ ಮೊದಲು ಕೊಡಲಾಗುತ್ತದೆ. ಮಕ್ಕಳ ರಕ್ತದ ಕ್ಯಾನ್ಸರಿಗೆ ಬಳಸುವ ಕಿಮ್ರಿಯಾವನ್ನು ಈ ಸಿದ್ಧತೆ ಮುಗಿದ 2ರಿಂದ 14 ದಿನಗಳ ಒಳಗೆ ನೀಡಬೇಕು.

ಇಲ್ಲಿ ಕ್ರಮವು ಬಹು ಮುಖ್ಯ. ಸಿದ್ಧವಾದ ಕೋಶಗಳು ಲಭ್ಯವಿವೆ ಎಂಬುದು ಖಚಿತವಾದ ಬಳಿಕವೇ ತೆರವಿನ ಔಷಧವನ್ನು ಆರಂಭಿಸಬೇಕೆಂದು ಯೆಸ್ಕಾರ್ಟಾದ ನಿಯಮ ಸ್ಪಷ್ಟವಾಗಿ ಹೇಳುತ್ತದೆ. ಸರಕು ಕೈಸೇರುವ ಭರವಸೆಯಿಲ್ಲದೆ ಉಗ್ರಾಣವನ್ನು ಖಾಲಿ ಮಾಡಿದರೆ ವ್ಯಾಪಾರಿಗೆ ನಷ್ಟವಾಗುತ್ತದೆ. ಇಲ್ಲಿ ಅದೇ ತಪ್ಪು ರೋಗಿಯನ್ನು ರಕ್ಷಣೆಯಿಲ್ಲದ ಸ್ಥಿತಿಯಲ್ಲಿ ಸೋಂಕಿಗೆ ಒಡ್ಡುತ್ತದೆ. ತೆರವಾದ ಮೇಲೆ ವಿಳಂಬವಾದರೆ ದೇಹದ ಹಳೆಯ ಕೋಶಗಳು ಮತ್ತೆ ಬೆಳೆದು, ಏರಿದ್ದ ಪೋಷಕಗಳ ಮಟ್ಟ ಇಳಿಯುತ್ತದೆ, ಮಾಡಿದ ಸಿದ್ಧತೆ ವ್ಯರ್ಥವಾಗುತ್ತದೆ. ಆದುದರಿಂದ −150 ಡಿಗ್ರಿ ಸೆಲ್ಸಿಯಸ್ ಅಥವಾ ಅದಕ್ಕೂ ಕೆಳಗಿನ ಉಷ್ಣತೆಯಲ್ಲಿ ದ್ರವ ಸಾರಜನಕದ ಆವಿಯಲ್ಲಿಟ್ಟು ಸಾಗಿಸುವ ಕೋಶಗಳ ಆಗಮನ, ಹಾಸಿಗೆಯ ಲಭ್ಯತೆ, ಔಷಧದ ದಾಸ್ತಾನು ಮತ್ತು ರೋಗಿಯ ಆರೋಗ್ಯ ಈ ನಾಲ್ಕೂ ಒಂದೇ ವಾರದಲ್ಲಿ ಕೂಡಿಬರಬೇಕಾಗುತ್ತದೆ.

ಅಪಾಯದ ಮುಖ

ಈ ಔಷಧಗಳು ಅಪಾಯರಹಿತವಲ್ಲ. ಬಿಳಿ ರಕ್ತಕಣಗಳ ಕುಸಿತದಿಂದ ಸೋಂಕು ತಗುಲಬಹುದು. ಸೈಕ್ಲೋಫಾಸ್ಫಮೈಡ್ ಮೂತ್ರಕೋಶದಲ್ಲಿ ರಕ್ತಸ್ರಾವಕ್ಕೆ ಕಾರಣವಾಗಬಹುದು. ಫ್ಲೂಡರಬಿನ್ ಮುಖ್ಯವಾಗಿ ಮೂತ್ರಪಿಂಡಗಳ ಮೂಲಕ ಹೊರಹೋಗುವುದರಿಂದ ಮೂತ್ರಪಿಂಡ ದುರ್ಬಲವಾಗಿರುವವರಿಗೆ ಪ್ರಮಾಣವನ್ನು ಇಳಿಸಬೇಕಾಗುತ್ತದೆ. ಅದನ್ನು ಪಡೆದ ರೋಗಿಗೆ ರಕ್ತ ನೀಡಬೇಕಾಗಿ ಬಂದರೆ ವಿಕಿರಣಕ್ಕೆ ಒಳಪಡಿಸಿದ ರಕ್ತವನ್ನೇ ಬಳಸಬೇಕು.

ಸಿದ್ಧತೆಯ ಹಂತವನ್ನು ಬದಲಿಸುವ ನಿರ್ಧಾರ ಎಷ್ಟು ಸೂಕ್ಷ್ಮವಾದದ್ದು ಎಂಬುದನ್ನು 2016ರ ಘಟನೆಯೊಂದು ತೋರಿಸುತ್ತದೆ. ಅಮೆರಿಕದ ಜೂನೋ ಥೆರಪ್ಯೂಟಿಕ್ಸ್ ಕಂಪನಿಯ ಕಾರ್-ಟಿ ಪ್ರಯೋಗದಲ್ಲಿ ಮೆದುಳಿನ ಊತದಿಂದ ಮೂವರು ರೋಗಿಗಳು ಮೃತಪಟ್ಟಾಗ ಜುಲೈ ತಿಂಗಳಲ್ಲಿ ಪ್ರಯೋಗವನ್ನು ತಡೆಹಿಡಿಯಲಾಯಿತು. ಸಿದ್ಧತೆಗೆ ಹೊಸದಾಗಿ ಸೇರಿಸಿದ್ದ ಫ್ಲೂಡರಬಿನ್ ಕಾರಣವಿರಬಹುದೆಂದು ಕಂಪನಿಯು ಅಭಿಪ್ರಾಯಪಟ್ಟಿತು. ಅದನ್ನು ಕೈಬಿಡುವ ಷರತ್ತಿನ ಮೇಲೆ ಕೆಲವೇ ದಿನಗಳಲ್ಲಿ ಅನುಮತಿ ಮರಳಿ ದೊರೆಯಿತು. ಆದರೆ ನವೆಂಬರ್ ತಿಂಗಳಲ್ಲಿ, ಫ್ಲೂಡರಬಿನ್ ಇಲ್ಲದಿದ್ದರೂ, ಮತ್ತಿಬ್ಬರು ಅದೇ ಕಾರಣದಿಂದ ಮೃತಪಟ್ಟರು. 2017ರ ಮಾರ್ಚ್‌ನಲ್ಲಿ ಕಂಪನಿಯು ಆ ಉತ್ಪನ್ನವನ್ನೇ ಕೈಬಿಟ್ಟಿತು. ಕೋಶಗಳು ದೇಹದಲ್ಲಿ ಅತಿ ವೇಗವಾಗಿ ವೃದ್ಧಿಯಾದದ್ದೂ ಸೇರಿದಂತೆ ಹಲವು ಕಾರಣಗಳು ಒಟ್ಟುಗೂಡಿದ್ದವೆಂದು ಮುಂದಿನ ವಿಶ್ಲೇಷಣೆ ಸೂಚಿಸಿತು. ಸಿದ್ಧತೆ, ಕೋಶಗಳ ಗುಣ ಮತ್ತು ರೋಗಿಯ ಸ್ಥಿತಿಯನ್ನು ಒಟ್ಟಾಗಿಯೇ ತೂಗಿನೋಡಬೇಕೆಂಬ ಪಾಠ ಇದರಿಂದ ದೊರೆಯಿತು.

ಅಗ್ಗದ ಔಷಧದ ಕೊರತೆ

ಪೂರೈಕೆ ಸರಪಳಿಯ ಬಲ ಅದರ ದುರ್ಬಲ ಕೊಂಡಿಯಷ್ಟೇ ಎಂಬುದು ವಾಣಿಜ್ಯೋದ್ಯಮಿಗಳಿಗೆ ಹೊಸತಲ್ಲ. 2022ರಲ್ಲಿ ಅಮೆರಿಕದಲ್ಲಿ ಫ್ಲೂಡರಬಿನ್ ಚುಚ್ಚುಮದ್ದಿನ ತೀವ್ರ ಕೊರತೆ ಉಂಟಾಯಿತು. ಲಕ್ಷಾಂತರ ಡಾಲರ್ ಬೆಲೆಯ ಕೋಶಗಳು ಸಿದ್ಧವಾಗುತ್ತಿದ್ದರೂ, ಪೇಟೆಂಟ್ ಮುಗಿದ ಹಳೆಯ ಔಷಧವೊಂದರ ಅಭಾವದಿಂದ ಆಸ್ಪತ್ರೆಗಳು ಇದ್ದ ದಾಸ್ತಾನನ್ನು ಹಂಚಿಕೊಳ್ಳುವ ಮತ್ತು ಬದಲಿ ಔಷಧವನ್ನು ಹುಡುಕುವ ಪರಿಸ್ಥಿತಿ ಬಂದಿತು. ಹಲವು ಕೇಂದ್ರಗಳು ಬೆಂಡಮಸ್ಟಿನ್ ಎಂಬ ಔಷಧದ ಮೊರೆ ಹೋದವು. ಲಾಭದ ಅಂಚು ಕಡಿಮೆಯಿರುವ, ಬೆರಳೆಣಿಕೆಯ ತಯಾರಕರನ್ನು ಅವಲಂಬಿಸಿರುವ ಸರಕಿನ ಬಗೆಗೆ ಖರೀದಿದಾರರು ಪರ್ಯಾಯ ವ್ಯವಸ್ಥೆ ಮಾಡಿಕೊಳ್ಳದಿದ್ದರೆ ಏನಾಗಬಹುದೆಂಬುದಕ್ಕೆ ಇದು ನಿದರ್ಶನ.

ಭಾರತದಲ್ಲಿ ಹಾಗೂ ಕರ್ನಾಟಕದಲ್ಲಿ

ಮುಂಬಯಿಯ ಐಐಟಿ ಮತ್ತು ಟಾಟಾ ಸ್ಮಾರಕ ಕೇಂದ್ರದ ಸಹಯೋಗದಿಂದ ರೂಪುಗೊಂಡ ನೆಕ್ಸ್‌ಕಾರ್19 ಚಿಕಿತ್ಸೆಗೆ 2023ರ ಅಕ್ಟೋಬರ್‌ನಲ್ಲಿ ಕೇಂದ್ರ ಔಷಧ ನಿಯಂತ್ರಣ ಸಂಸ್ಥೆಯ ಅನುಮತಿ ದೊರೆಯಿತು. 2024ರ ಏಪ್ರಿಲ್ 4ರಂದು ರಾಷ್ಟ್ರಪತಿ ದ್ರೌಪದಿ ಮುರ್ಮು ಅವರು ಅದನ್ನು ಲೋಕಾರ್ಪಣೆ ಮಾಡಿದರು. ಇದರ ವೆಚ್ಚವು ವಿದೇಶದ ವೆಚ್ಚದ ಸುಮಾರು ಹತ್ತನೇ ಒಂದು ಭಾಗವೆಂದು ಆ ಸಂದರ್ಭದಲ್ಲಿ ತಿಳಿಸಲಾಯಿತು. ಬೆಂಗಳೂರಿನಲ್ಲಿ ಕಿರಣ್ ಮಜುಂದಾರ್ ಶಾ ಹಾಗೂ ಡಾ. ಸಿದ್ಧಾರ್ಥ ಮುಖರ್ಜಿ ಮೊದಲಾದವರು 2019ರಲ್ಲಿ ಸ್ಥಾಪಿಸಿದ ಇಮ್ಯುನೀಲ್ ಥೆರಪ್ಯೂಟಿಕ್ಸ್ ಸಂಸ್ಥೆಯು, ಸ್ಪೇನ್ ದೇಶದ ಬಾರ್ಸಿಲೋನಾದ ಆಸ್ಪತ್ರೆಯೊಂದರಲ್ಲಿ ಅಭಿವೃದ್ಧಿಗೊಂಡ ತಂತ್ರವನ್ನು ಆಧರಿಸಿ, ಕಾರ್ಟೆಮಿ ಎಂಬ ಉತ್ಪನ್ನವನ್ನು 2025ರ ಜನವರಿಯಲ್ಲಿ ಬಿಡುಗಡೆ ಮಾಡಿತು.

ಕೋಶಗಳ ಬೆಲೆ ಇಳಿದಂತೆ ಉಳಿದ ಖರ್ಚುಗಳ ತೂಕ ಏರುತ್ತದೆ ಎಂಬುದು ಗಮನಾರ್ಹ. ಸಿದ್ಧತೆಯ ಔಷಧ ಅಗ್ಗವಾದರೂ ಅದರ ಬೆನ್ನಿಗೆ ಬರುವ ಆಸ್ಪತ್ರೆವಾಸ, ಸೋಂಕಿನ ಚಿಕಿತ್ಸೆ, ರಕ್ತಪೂರಣ ಮತ್ತು ಪದೇಪದೇ ನಡೆಯುವ ಪರೀಕ್ಷೆಗಳು ಅಗ್ಗವಲ್ಲ.

ಉದ್ಯೋಗದಾತರು ಗಮನಿಸಬೇಕಾದದ್ದು

ಸಣ್ಣ ಕೈಗಾರಿಕೆಗಳ ಮಾಲೀಕರು ತಮ್ಮ ಸಿಬ್ಬಂದಿಗಾಗಿ ಸಾಮೂಹಿಕ ಆರೋಗ್ಯ ವಿಮೆಯನ್ನು ಮಾಡಿಸುವಾಗ ಒಟ್ಟು ಮೊತ್ತವನ್ನಷ್ಟೇ ನೋಡುವುದು ವಾಡಿಕೆ. ವಿಮಾ ನಿಯಂತ್ರಣ ಪ್ರಾಧಿಕಾರವು 2019ರಲ್ಲಿ ಹೊರಡಿಸಿದ ಸೂಚನೆಯಲ್ಲಿ, ಪಾಲಿಸಿಯಿಂದ ಹೊರಗಿಡಬಾರದ 12 ಆಧುನಿಕ ಚಿಕಿತ್ಸೆಗಳನ್ನು ಹೆಸರಿಸಲಾಗಿತ್ತು. ರಕ್ತಸಂಬಂಧಿ ರೋಗಗಳಿಗೆ ಮಾಡುವ ಅಸ್ಥಿಮಜ್ಜೆ ಕಸಿ ಅದರಲ್ಲಿತ್ತು, ಕಾರ್-ಟಿ ಚಿಕಿತ್ಸೆಯ ಹೆಸರು ಇರಲಿಲ್ಲ. ಹೆಸರಿಸಿದ ಚಿಕಿತ್ಸೆಗಳಿಗೂ ಉಪಮಿತಿ ವಿಧಿಸುವ ಅವಕಾಶ ಕಂಪನಿಗಳಿಗಿತ್ತು.

ಆದುದರಿಂದ ಪಾಲಿಸಿ ನವೀಕರಣದ ವೇಳೆ ಮೂರು ಪ್ರಶ್ನೆಗಳಿಗೆ ಲಿಖಿತ ಉತ್ತರ ಪಡೆಯುವುದು ಒಳಿತು. ಕೋಶ ಚಿಕಿತ್ಸೆಗೆ ರಕ್ಷಣೆಯಿದೆಯೇ, ಇದ್ದರೆ ಉಪಮಿತಿ ಎಷ್ಟು? ಕೋಶ ಸಂಗ್ರಹಣೆಯಿಂದ ಹಿಡಿದು ಸಿದ್ಧತೆಯ ಕಿಮೊಥೆರಪಿಯವರೆಗಿನ ಹಂತಗಳನ್ನು ಒಂದೇ ಚಿಕಿತ್ಸೆಯೆಂದು ಪರಿಗಣಿಸಲಾಗುವುದೇ? ಸಿದ್ಧತೆಯ ಬಳಿಕ ತಲೆದೋರುವ ಸೋಂಕು ಮೊದಲಾದ ತೊಡಕುಗಳ ವೆಚ್ಚವು ಅದೇ ಉಪಮಿತಿಗೆ ಸೇರುವುದೇ? ನಗದುರಹಿತ ಸೌಲಭ್ಯದ ಅನುಮತಿಯೂ ತೆರವಿನ ಔಷಧ ಆರಂಭವಾಗುವ ಮುನ್ನವೇ ದೊರೆಯಬೇಕು. ಆ ಔಷಧ ದೇಹ ಸೇರಿದ ಮೇಲೆ ಕಾಗದಪತ್ರಕ್ಕಾಗಿ ಕಾಯುವ ಕಾಲಾವಕಾಶ ರೋಗಿಗೆ ಇರುವುದಿಲ್ಲ.

ಮುಂದಿನ ದಾರಿ

ಈ ಹಂತವನ್ನೇ ತಪ್ಪಿಸುವ ಪ್ರಯತ್ನಗಳೂ ನಡೆದಿವೆ. ಕೋಶಗಳನ್ನು ಹೊರತೆಗೆಯದೆ ಚುಚ್ಚುಮದ್ದಿನ ಮೂಲಕ ದೇಹದೊಳಗೇ ಕಾರ್-ಟಿ ಕೋಶಗಳನ್ನು ರೂಪಿಸುವ ತಂತ್ರ ಯಶಸ್ವಿಯಾದರೆ ಪೂರ್ವಭಾವಿ ತೆರವಿನ ಅಗತ್ಯ ಬೀಳದಿರಬಹುದು. ಈ ಕ್ಷೇತ್ರದ ಎಸೋಬಯೋಟೆಕ್ ಕಂಪನಿಯನ್ನು ಆಸ್ಟ್ರಾಜೆನೆಕಾ ಸಂಸ್ಥೆಯೂ, ಕ್ಯಾಪ್‌ಸ್ಟನ್ ಕಂಪನಿಯನ್ನು ಆಬ್‌ವೀ ಸಂಸ್ಥೆಯೂ ಕೊಳ್ಳುವುದಾಗಿ 2025ರಲ್ಲಿ ಪ್ರಕಟಿಸಿದವು. ಎರಡನೆಯದರ ಮೊತ್ತ ಗರಿಷ್ಠ 210 ಕೋಟಿ ಡಾಲರ್. ಬಂಡವಾಳ ಹರಿಯುತ್ತಿರುವ ದಿಕ್ಕನ್ನು ಇದು ಸೂಚಿಸುತ್ತದೆ.

ಆದರೆ ಅನುಮತಿ ಪಡೆದು ಬಳಕೆಯಲ್ಲಿರುವ ಕಾರ್-ಟಿ ಚಿಕಿತ್ಸೆಗಳಿಗೆ ಸಿದ್ಧತೆಯ ಹಂತ ಇಂದಿಗೂ ಅವಿಭಾಜ್ಯ ಅಂಗ. ಚಿಕಿತ್ಸೆಯ ಬೆಲೆಯನ್ನು ವಿಚಾರಿಸುವ ರೋಗಿಯ ಕುಟುಂಬ, ಪ್ರೀಮಿಯಂ ಕಟ್ಟುವ ಉದ್ಯೋಗದಾತ ಮತ್ತು ಔಷಧವನ್ನು ಪೂರೈಸುವ ವಿತರಕ ಈ ಮೂವರೂ ಕೋಶಗಳಿಗೆ ಕೊಡುವಷ್ಟೇ ಗಮನವನ್ನು ಅವುಗಳಿಗಿಂತ ಮುಂಚಿನ ಆ ಮೂರು-ನಾಲ್ಕು ದಿನಗಳಿಗೂ ಕೊಡಬೇಕಾಗಿದೆ.