ಸೀಸೆಯ ಮೇಲಣ ‘ನ್ಯಾನೊ’

ಮುಂಗಾರಿನ ಮಳೆಗಳು ಹದವಾಗಿ ಬಿದ್ದು, ಕುಷ್ಟಗಿ ಯಲಬುರ್ಗಾಗಳ ಎರೆ ಮಸಾರಿ ಹೊಲಗಳಲ್ಲಿ ಗೋವಿನಜೋಳವು ಮೊಣಕಾಲೆತ್ತರಕ್ಕೆ ಎದ್ದು, ಅದಕ್ಕೆ ಮೇಲುಗೊಬ್ಬರ ಕೊಡಬೇಕಾದ ವಾರವು ಒದಗಿತೆಂದರೆ, ಸೊಸೈಟಿಗಳ ಬಾಗಿಲಲ್ಲಿ ನಸುಕಿನಿಂದಲೇ ಯೂರಿಯಾದ ಸಾಲು ಬೆಳೆಯುವುದು ಕೊಪ್ಪಳ ಜಿಲ್ಲೆಗೆ ಹೊಸ ನೋಟವಲ್ಲ. ಆದರೆ 2025ರಲ್ಲಿ ಮಳೆಯು ವಾಡಿಕೆಗಿಂತ ಮುಂಚೆ ಬಂದು, ಗೋವಿನಜೋಳದ ಬಿತ್ತನೆ ಹಿಗ್ಗಿ, ಇದ್ದ ದಾಸ್ತಾನು ಬೇಡಿಕೆಗೆ ಸಾಲದೆ ಹೋಗಿ, ಜುಲೈ ತಿಂಗಳಿನಲ್ಲಿ ಯೂರಿಯಾ ಸಿಗದ ರೈತನೊಬ್ಬನು ರೋಸಿ ಮಣ್ಣನ್ನೇ ತಿಂದ ದೃಶ್ಯವು ಈ ಜಿಲ್ಲೆಯಿಂದ ಹೊರಟು ನಾಡಿನ ಉದ್ದಗಲಕ್ಕೂ ಹಬ್ಬಿತು. ಚೀಲವು ಹೀಗೆ ದುರ್ಲಭವಾಗಿದ್ದ ದಿನಗಳಲ್ಲಿಯೇ, ಯಾವ ಸಾಲಿನಲ್ಲಿಯೂ ನಿಲ್ಲದೆ ದೊರೆಯುತ್ತಿದ್ದ ಇನ್ನೊಂದು ಯೂರಿಯಾ ಅಂಗಡಿಗಳ ಕಪಾಟಿನಲ್ಲಿತ್ತು. ಅದು ಅರ್ಧ ಲೀಟರಿನ ಸೀಸೆ. “ಚೀಲ ಬೇಕಂದ್ರ ಜೊತಿಗೆ ಒಂದು ಬಾಟ್ಲಿನೂ ಒಯ್ಯಬೇಕ್ರಿ” ಎಂಬ ಮಾತಿಗೆ ವ್ಯಾಪಾರದ ಭಾಷೆಯಲ್ಲಿ ‘ಲಿಂಕ್’ ಎಂದು ಹೆಸರು. ದೇಶದ ಅನೇಕ ಭಾಗಗಳಿಂದ ಇಂಥ ದೂರುಗಳು ಎದ್ದು, ಹಾಗೆ ಬಲವಂತದಿಂದ ಒಂದಕ್ಕೊಂದು ಗಂಟುಹಾಕಿ ಮಾರಕೂಡದೆಂದು ಕೇಂದ್ರದ ಕೃಷಿ ಸಚಿವರೇ ಆ ವರ್ಷ ರಾಜ್ಯಗಳಿಗೆ ಬರೆಯಬೇಕಾಯಿತು. ಬೇಕೆಂದೋ ಬೇಡವೆಂದೋ ಮನೆಗೆ ಬಂದ ಆ ಸೀಸೆಯ ಮೇಲೆ ದಪ್ಪಕ್ಷರದಲ್ಲಿ ಅಚ್ಚಾಗಿರುವ ‘ನ್ಯಾನೊ’ ಎಂಬುದು ಯಾವ ಪದಾರ್ಥದ ಹೆಸರು, ಅಥವಾ ಯಾವ ಗುಣದ ಹೆಸರು, ಎಂಬುದನ್ನು ವಿಚಾರಿಸುವುದು ಈ ಲೇಖನದ ಉದ್ದೇಶ.

ಮೊದಲು ಹೇಳಬೇಕಾದುದೆಂದರೆ, ನ್ಯಾನೊ ಎಂಬುದು ಪದಾರ್ಥದ ಹೆಸರೂ ಅಲ್ಲ, ಗುಣದ ಹೆಸರೂ ಅಲ್ಲ. ಅದು ಬರಿಯ ಅಳತೆ. ಗ್ರೀಕರ ನುಡಿಯಲ್ಲಿ ಕುಳ್ಳನಿಗೆ ಇದ್ದ ಶಬ್ದವನ್ನು ಎತ್ತಿಕೊಂಡು, 1960ರಲ್ಲಿ ನೆಲೆಗೊಂಡ ಅಂತರರಾಷ್ಟ್ರೀಯ ಮಾನಪದ್ಧತಿಯು ಅದನ್ನು ‘ನೂರು ಕೋಟಿಯಲ್ಲಿ ಒಂದು ಪಾಲು’ ಎಂಬ ಅರ್ಥದಲ್ಲಿ ಸ್ಥಿರಪಡಿಸಿತು. ಒಂದು ಮೀಟರನ್ನು ನೂರು ಕೋಟಿ ಸಮಭಾಗ ಮಾಡಿದರೆ ಬರುವುದು ಒಂದು ನ್ಯಾನೊಮೀಟರ್; ಅಥವಾ, ಅಳತೆಪಟ್ಟಿಯ ಮೇಲೆ ಕಣ್ಣಿಗೆ ಕಾಣುವ ಅತಿ ಸಣ್ಣ ಗೀರಾದ ಮಿಲಿಮೀಟರಿನಲ್ಲಿ ಅಂಥವು ಹತ್ತು ಲಕ್ಷ ಅಡಗಿರುತ್ತವೆ. ನಮ್ಮ ತಲೆಗೂದಲಿನ ದಪ್ಪವೇ ಐವತ್ತು ಸಾವಿರದಿಂದ ಒಂದು ಲಕ್ಷ ನ್ಯಾನೊಮೀಟರು. ಜಪಾನಿನ ನೋರಿಯೊ ತಾನಿಗುಚಿ ಎಂಬ ವಿದ್ವಾಂಸರು 1974ರಲ್ಲಿ, ವಸ್ತುಗಳನ್ನು ಪರಮಾಣುಗಳ ಮಟ್ಟದ ನಿಖರತೆಯಿಂದ ಸಂಸ್ಕರಿಸುವ ಕಾರ್ಯಕ್ಕೆ ‘ನ್ಯಾನೊತಂತ್ರಜ್ಞಾನ’ವೆಂಬ ಹೆಸರನ್ನು ಮೊದಲಾಗಿ ಬಳಸಿದರು. ಮುಂದೆ, ಉದ್ದ ಅಗಲ ದಪ್ಪಗಳಲ್ಲಿ ಯಾವುದಾದರೊಂದು 1ರಿಂದ 100 ನ್ಯಾನೊಮೀಟರಿನ ಒಳಗೆ ಇರುವ ವಸ್ತುವಿಗೆ ಈ ಹೆಸರು ಸಲ್ಲುವುದೆಂಬ ಒಪ್ಪಂದವು ಶಾಸ್ತ್ರಜ್ಞರಲ್ಲಿ ಬೆಳೆದುಬಂದಿತು.

ಸಣ್ಣದಾದುದಕ್ಕೆ ಇಷ್ಟು ಸಂಭ್ರಮವೇಕೆಂಬ ಶಂಕೆಗೆ ಉತ್ತರವು ಆ ಅಳತೆಯಲ್ಲಿ ಮೈಯ ವಿಸ್ತಾರವು ಬೆಳೆಯುವ ರೀತಿಯಲ್ಲಿದೆ. ಒಂದು ಸೆಂಟಿಮೀಟರ್ ಬದಿಯುಳ್ಳ ಚೌಕಾಕಾರದ ಬೆಲ್ಲದ ತುಣುಕನ್ನು ಭಾವಿಸಿಕೊಳ್ಳಿ. ಅದರ ಆರು ಮುಖಗಳನ್ನು ಕೂಡಿಸಿದರೆ ಆರು ಚದರ ಸೆಂಟಿಮೀಟರು. ಅದನ್ನೇ, ಒಂದು ಚೂರೂ ಪೋಲಾಗದಂತೆ, ಒಂದೊಂದು ನ್ಯಾನೊಮೀಟರ್ ಬದಿಯ ಚೌಕಗಳಾಗಿ ಕತ್ತರಿಸಲು ಸಾಧ್ಯವಾದರೆ, ತೂಕವು ಒಂದು ಗುಂಜಿಯಷ್ಟೂ ಹೆಚ್ಚದೆ ಆ ಎಲ್ಲ ಚೂರುಗಳ ಮುಖಗಳ ಒಟ್ಟು ವಿಸ್ತಾರವು ಆರು ಸಾವಿರ ಚದರ ಮೀಟರ್, ಅಂದರೆ ಸುಮಾರು ಒಂದೂವರೆ ಎಕರೆ ಹೊಲ, ಆಗುತ್ತದೆ. ರಾಸಾಯನಿಕ ಕ್ರಿಯೆಗಳು ನಡೆಯುವುದು ವಸ್ತುವಿನ ಹೊಟ್ಟೆಯೊಳಗಲ್ಲ, ಅದರ ಮೈಯ ಮೇಲೆ; ಆದಕಾರಣ ಮೈ ಹೆಚ್ಚಿದಂತೆ ವಸ್ತುವಿನ ಸ್ವಭಾವವೇ ಬೇರೆಯಾಗುತ್ತ ಹೋಗುವುದು. ಹಳದಿಯ ಚಿನ್ನವು ಹತ್ತಾರು ನ್ಯಾನೊಮೀಟರಿನ ಕಣಗಳಾಗಿ ನೀರಿನಲ್ಲಿ ತೇಲುವಾಗ ಕೆಂಪಾಗಿ ಕಾಣುವುದೂ, ಸಲಾಕೆಯಾಗಿದ್ದಾಗ ತುಕ್ಕು ಹಿಡಿಯಲು ತಿಂಗಳುಗಟ್ಟಲೆ ತೆಗೆದುಕೊಳ್ಳುವ ಕಬ್ಬಿಣವು ಆ ಮಟ್ಟದ ಪುಡಿಯಾದಾಗ ಗಾಳಿ ಸೋಂಕಿದ ಮಾತ್ರಕ್ಕೆ ಹೊತ್ತಿಕೊಳ್ಳುವುದೂ ಈ ಸಣ್ಣತನದ ಬೇರೆ ಬೇರೆ ಫಲಗಳು.

ನಮ್ಮ ದೇಶದಲ್ಲಿ ಈ ವಿದ್ಯೆಗೆ ರಾಜಾಶ್ರಯವು ದೊಡ್ಡ ಪ್ರಮಾಣದಲ್ಲಿ ದೊರೆತುದು 2007ರಲ್ಲಿ, ಸಾವಿರ ಕೋಟಿ ರೂಪಾಯಿಗಳ ‘ನ್ಯಾನೊ ಮಿಷನ್’ ಎಂಬ ಯೋಜನೆಯಿಂದ. ಅದರ ಸೂತ್ರವನ್ನು ಹಿಡಿದವರು ಬೆಂಗಳೂರಿನ ಸಿ. ಎನ್. ಆರ್. ರಾವ್ ಅವರು. ಜನಸಾಮಾನ್ಯರ ಕಿವಿಗೆ ಆ ಶಬ್ದವನ್ನು ಮುಟ್ಟಿಸಿದುದು ಮಾತ್ರ ಪ್ರಯೋಗಶಾಲೆಯಲ್ಲ, ಮರುವರ್ಷ ಟಾಟಾ ಕಂಪನಿಯವರು ಪ್ರದರ್ಶಿಸಿದ ಒಂದು ಲಕ್ಷ ರೂಪಾಯಿಯ ಪುಟ್ಟ ಕಾರು. ಕಾರಿನಲ್ಲಿ ನ್ಯಾನೊ ಎಂದರೆ ‘ಚಿಕ್ಕದು, ಅಗ್ಗದ್ದು’ ಎಂದಷ್ಟೇ ಅರ್ಥ. ಜಾಹೀರಾತಿನ ಲೋಕವು ಅಲ್ಲಿಂದ ಮುಂದೆ ಹೋಗಿ, ‘ಚಿಕ್ಕದಾದರೂ ಮಹಾಶಕ್ತಿಯುಳ್ಳದ್ದು’ ಎಂಬ ಮೂರನೆಯ ಅರ್ಥವನ್ನು ಅದಕ್ಕೆ ತೊಡಿಸಿತು. ಗೊಬ್ಬರದ ಸೀಸೆಯನ್ನು ಕೈಯಲ್ಲಿ ಹಿಡಿದವನ ಮನಸ್ಸಿನಲ್ಲಿ ಈ ಮೂರೂ ಅರ್ಥಗಳು ಕಲಸಿಕೊಂಡಿರುತ್ತವೆ. ತೊಡಕಿನ ಮೂಲವಿರುವುದು ಅಲ್ಲಿಯೇ.

ಇಫ್ಕೊ ಸಹಕಾರಿ ಸಂಸ್ಥೆಯು ಜಗತ್ತಿನಲ್ಲಿಯೇ ಮೊದಲನೆಯದೆಂದು ಹೇಳಿಕೊಂಡು ನ್ಯಾನೊ ಯೂರಿಯಾ ದ್ರವವನ್ನು ಲೋಕಾರ್ಪಣ ಮಾಡಿದುದು 2021ರ ಮೇ 31ರಂದು. ಗುಜರಾತಿನ ಕಲೋಲಿನಲ್ಲಿ ಅದರ ಕಾರ್ಖಾನೆಯನ್ನು ಪ್ರಧಾನಮಂತ್ರಿಗಳು ಉದ್ಘಾಟಿಸಿದುದು 2022ರ ಮೇ 28ರಂದು. 20ರಿಂದ 50 ನ್ಯಾನೊಮೀಟರಿನ ಕಣಗಳು, ನೂರು ಮಿಲಿಲೀಟರಿಗೆ ನಾಲ್ಕು ಗ್ರಾಂ ಸಾರಜನಕ, ಲೀಟರು ನೀರಿಗೆ ಎರಡರಿಂದ ನಾಲ್ಕು ಮಿಲಿಲೀಟರು ಬೆರೆಸಿ ಎಲೆಗಳ ಮೇಲೆ ಸಿಂಪಡಣೆ. ಬೆಲೆ 240 ರೂಪಾಯಿಯಿಂದ ಮೊದಲಾಗಿ ಆಮೇಲೆ 225 ರೂಪಾಯಿ. ಇವೆಲ್ಲಕ್ಕಿಂತ ಹೆಚ್ಚಾಗಿ ಜನರ ಗಮನವನ್ನು ಸೆಳೆದುದು, ಈ ಅರ್ಧ ಲೀಟರಿನ ಸೀಸೆಯು 45 ಕಿಲೊ ಯೂರಿಯಾದ ಒಂದು ಚೀಲಕ್ಕೆ ಸಮಾನವೆಂಬ ಹೇಳಿಕೆ. ಅದಕ್ಕೆ ಕೊಡುತ್ತಿದ್ದ ಸಮರ್ಥನೆಯು ಪೂರ್ಣ ನಿರಾಧಾರವಾದುದೇನೂ ಅಲ್ಲ. ನೀರು ನಿಂತ ಗದ್ದೆಗೆ ಎರಚಿದ ಯೂರಿಯಾದಲ್ಲಿ ಬೆಳೆಗೆ ದಕ್ಕುವುದು ಮೂರನೆಯ ಒಂದು ಪಾಲಿನ ಆಸುಪಾಸು. ಉಳಿದುದರಲ್ಲಿ ಒಂದಿಷ್ಟು ಅಮೋನಿಯವಾಗಿ ಗಾಳಿಗೆ ಹಾರುತ್ತದೆ, ಒಂದಿಷ್ಟು ನೈಟ್ರೇಟಾಗಿ ಬಸಿದು ಕೆಳಗಿಳಿಯುತ್ತದೆ. ತುಂಗಭದ್ರೆಯ ಎಡದಂಡೆ ಕಾಲುವೆಯ ನೀರುಂಡು ಗಂಗಾವತಿಯ ಗದ್ದೆಗಳು ಭತ್ತದ ಕಣಜವೆನಿಸಿದ ಕಾಲದಿಂದಲೂ, ಪೈರು ಕಡುಹಸಿರಾಗಿ ಕಾಣಲೆಂದು ಒಂದು ಚೀಲ ಹೆಚ್ಚಿಗೆ ಎರಚುವ ಚಾಳಿಯು ಬೆಳೆದು, ಆ ನಷ್ಟವೂ ಕೂಡ ಬೆಳೆದಿರುವುದು ಆ ಸೀಮೆಯವರಿಗೆ ತಿಳಿಯದ ಮಾತಲ್ಲ. ಎಲೆಯ ಮೂಲಕವೇ ಊಡಿದರೆ ಈ ಸೋರಿಕೆ ತಪ್ಪುವುದೆಂಬುದು ವಾದ.

ಆದರೆ ವಾದವು ಲೆಕ್ಕಕ್ಕೆ ತಲೆಬಾಗಬೇಕಷ್ಟೆ. ಚೀಲದ ಯೂರಿಯಾದಲ್ಲಿ ನೂರಕ್ಕೆ 46 ಪಾಲು ಸಾರಜನಕವಿರುವುದರಿಂದ, 45 ಕಿಲೊದ ಚೀಲದಲ್ಲಿ ಇರುವುದು 20 ಕಿಲೊಗೆ ಮೇಲ್ಪಟ್ಟು. ಮೊದಲಾಗಿ ಮಾರಾಟಕ್ಕೆ ಬಂದ ಸೀಸೆಯಲ್ಲಿ ಇದ್ದುದು 20 ಗ್ರಾಂ. ಅಂತರವು ಸಾವಿರ ಪಾಲಿನದು. ಚೀಲದಲ್ಲಿ ಮೂರನೆಯ ಎರಡು ಪಾಲು ಹಾಳಾದರೂ ಪೈರಿಗೆ ಏಳು ಕಿಲೊದಷ್ಟು ಸಿಗುವುದು. ಸೀಸೆಯಲ್ಲಿ ಒಂದು ಹನಿಯೂ ಹಾಳಾಗದಿದ್ದರೂ ಸಿಗುವುದು ಇಪ್ಪತ್ತೇ ಗ್ರಾಂ. ಗಂಗಾವತಿಯ ಗದ್ದೆಯೊಂದರಲ್ಲಿ ಎಕರೆಗೆ 75 ಕಿಲೊ ತೂಕದ 35 ಚೀಲ ಭತ್ತ ಬಂದಿತೆಂದು ಇಟ್ಟುಕೊಳ್ಳೋಣ. ನೂರು ಕಿಲೊ ಭತ್ತದ ಕಾಳಿನಲ್ಲಿ ಸಾರಜನಕವು ಒಂದು ಕಿಲೊಗಿಂತ ತುಸು ಹೆಚ್ಚು ಇರುತ್ತದಾದುದರಿಂದ, ಹುಲ್ಲನ್ನು ಬಿಟ್ಟು ಕಾಳಿನ ಜೊತೆಗೇ ಆ ಎಕರೆಯಿಂದ ಹೊರಟುಹೋಗುವ ಸಾರಜನಕವು ಸುಮಾರು 28 ಕಿಲೊ. ಸೀಸೆಯ ಇಪ್ಪತ್ತು ಗ್ರಾಂ ಎಷ್ಟು ಭತ್ತಕ್ಕೆ ಸಾಕಾದೀತು? ಎರಡು ಕಿಲೊಗೆ. ಮುಂದೆ ಬಂದ, ನೂರು ಮಿಲಿಲೀಟರಿಗೆ ಇಪ್ಪತ್ತು ಗ್ರಾಂ ಸಾರಜನಕದ ಹೊಸ ಸೀಸೆಯು ಇದರ ಐದು ಪಟ್ಟು ಬಲವುಳ್ಳದ್ದಾದರೂ, ಅದು ಹತ್ತು ಕಿಲೊ ಭತ್ತದ ಮಾತಾಯಿತೇ ಹೊರತು ಚೀಲದ ಮಾತಾಗಲಿಲ್ಲ. ಕಣವು ಎಷ್ಟೇ ಕಿರಿದಾಗಲಿ, ಇಲ್ಲದ ಸಾರಜನಕವನ್ನು ಅದು ಹುಟ್ಟಿಸಲಾರದು.

ಇಲ್ಲಿ ಇನ್ನೊಂದು ಸೂಕ್ಷ್ಮವಿದೆ. ಸಾಮಾನ್ಯ ಯೂರಿಯಾವನ್ನು ಒಂದು ಹಿಡಿ ತೆಗೆದು ಬಕೆಟ್ಟಿನ ನೀರಿಗೆ ಹಾಕಿದರೆ, ಕೈಗೆ ತಣ್ಣಗೆನಿಸುವಂತೆ ನೀರು ತಂಪಾಗಿ ಅದು ಕರಗಿಹೋಗುತ್ತದೆ; ಕರಗುವುದೆಂದರೆ ಅಣು ಅಣುವಾಗಿ ಬಿಡಿಬಿಡಿಯಾಗುವುದು. ಯೂರಿಯಾದ ಅಣುವಾದರೋ ಒಂದು ನ್ಯಾನೊಮೀಟರಿಗಿಂತಲೂ ಕಿರಿದು. ಅಂದಮೇಲೆ ಚೀಲದ ಯೂರಿಯಾವು ನೀರಿಗೆ ಬಿದ್ದೊಡನೆ ನ್ಯಾನೊವನ್ನೂ ಮೀರಿದ ಸಣ್ಣತನವನ್ನು ತಾನಾಗಿಯೇ ಪಡೆಯುತ್ತದೆ. ಕರಗದ ಸತುವಿಗೋ ತಾಮ್ರದ ಸಂಯುಕ್ತಕ್ಕೋ ಕಣವನ್ನು ಕಿರಿದುಮಾಡುವುದರಿಂದ ಮೈ ಹೆಚ್ಚಿ ಪ್ರಯೋಜನವಾಗುವುದು ಸ್ಪಷ್ಟ. ತಾನೇ ಕರಗುವ ಪದಾರ್ಥವನ್ನು ಕಿರಿದುಮಾಡಿದ್ದರಿಂದ ಏನು ಸಾಧಿಸಿತೆಂಬುದನ್ನು ಮಾರುವವರು ತೋರಿಸಿಕೊಡಬೇಕು. ಕೋಪನ್‌ಹೇಗನ್ ವಿಶ್ವವಿದ್ಯಾಲಯದ ಮ್ಯಾಕ್ಸ್ ಫ್ರಾಂಕ್ ಮತ್ತು ಸೋರೆನ್ ಹುಸ್ಟೆಡ್ ಎಂಬ ಸಸ್ಯಶಾಸ್ತ್ರಜ್ಞರು 2023ರಲ್ಲಿ ‘ಪ್ಲ್ಯಾಂಟ್ ಅಂಡ್ ಸಾಯಿಲ್’ ಪತ್ರಿಕೆಯಲ್ಲಿ, ಈ ಗೊಬ್ಬರದ ಬಗೆಗಿನ ಹೇಳಿಕೆಗಳಿಗೆ ತಕ್ಕ ವೈಜ್ಞಾನಿಕ ಆಧಾರವು ಸಾಲದೆಂದು ಕಟುವಾಗಿಯೇ ಬರೆದರು. ಲುಧಿಯಾನದ ಪಂಜಾಬ್ ಕೃಷಿ ವಿಶ್ವವಿದ್ಯಾಲಯದವರು ಎರಡು ವರ್ಷ ಗದ್ದೆಯಲ್ಲಿಯೇ ಪರೀಕ್ಷಿಸಿ, ಶಿಫಾರಸಾದ ಸಾರಜನಕದ ಅರ್ಧವನ್ನು ತೆಗೆದು ಅದರ ಬದಲಿಗೆ ಎರಡು ಸಲ ನ್ಯಾನೊ ಸಿಂಪಡಿಸಿದಾಗ ಭತ್ತ ಗೋಧಿಗಳೆರಡರಲ್ಲಿಯೂ ಇಳುವರಿ ಇಳಿದುದನ್ನೂ, ಕಾಳಿನೊಳಗಿನ ಸಾರಜನಕವೂ ಕುಗ್ಗಿದುದನ್ನೂ ಕಂಡರು. ಎದುರು ಪಕ್ಷದಲ್ಲಿ, ತಮ್ಮ ಪ್ರಯೋಗಗಳಲ್ಲಿ ಇಳುವರಿಯು ನೂರಕ್ಕೆ 3ರಿಂದ 8ರಷ್ಟು ಏರಿತೆಂದು ಸರಕಾರದ ಹೇಳಿಕೆಗಳಿವೆ. ನ್ಯಾನೊ ಕಣವು ಎಲೆಯನ್ನು ಹೊಕ್ಕು ಸಸ್ಯದ ಸಾರಜನಕದ ಬಳಕೆಯನ್ನೇ ಚುರುಕುಗೊಳಿಸುವುದೆಂದು ತಯಾರಕರು ಹೇಳುವುದೂ ಉಂಟು. ಹಾಗಿದ್ದ ಪಕ್ಷದಲ್ಲಿ ಅದು ಗೊಬ್ಬರವಲ್ಲ, ಉತ್ತೇಜಕ. ಉತ್ತೇಜಕವನ್ನು ಚೀಲಕ್ಕೆ ಸಮವೆಂದು ತೂಗಿ ಮಾರುವುದು ನನಗೆ ಸರಿಯೆಂದು ತೋರದು.

ಎಲೆಯ ಮೇಲೆ ಸಿಂಪಡಿಸುವುದೇ ನಿರರ್ಥಕವೆಂದು ಇದರಿಂದ ಯಾರೂ ತಿಳಿಯಬಾರದು. ಕುಷ್ಟಗಿ ಯಲಬುರ್ಗಾದಂಥ ಮಳೆಯಾಶ್ರಯದ ಸೀಮೆಯಲ್ಲಿ, ಸಜ್ಜೆ, ಹೆಸರು, ತೊಗರಿಗಳು ಮಳೆ ಹಿಂಜರಿದು ಬಾಡುವಾಗ, ಒಣಗಿದ ನೆಲಕ್ಕೆ ಚೀಲ ಸುರಿದರೆ ಅದು ಬೇರಿಗೆ ಮುಟ್ಟದು. ಆಗ ಲೀಟರಿಗೆ 20 ಗ್ರಾಂ ಸಾದಾ ಯೂರಿಯಾ ಕರಗಿಸಿಯೋ, ಅಂಗಡಿಯಲ್ಲಿ ‘ನೈಂಟೀನ್ ಆಲ್’ ಎಂದು ಕೇಳಿ ತರುವ ಪುಡಿಯಿಂದಲೋ ಎಲೆಗೆ ಹೊಡೆಯುವುದು ಹಳೆಯ, ಪಳಗಿದ ಉಪಾಯ. ಎಕರೆಗೆ 200 ಲೀಟರು ಹೊಡೆದರೆ ಸಾದಾ ಯೂರಿಯಾದ ಆ ದ್ರಾವಣದಲ್ಲಿ ಒಂದೂಮುಕ್ಕಾಲು ಕಿಲೊಗೆ ಮೇಲೆ ಸಾರಜನಕವಿರುತ್ತದೆಂಬುದನ್ನು ಮೊದಲಿನ ಸೀಸೆಯ ಇಪ್ಪತ್ತು ಗ್ರಾಮಿನ ಪಕ್ಕದಲ್ಲಿಟ್ಟು ನೋಡಬಹುದು. ಸೀಸೆ ಮನೆಗೆ ಬಂದೇಬಿಟ್ಟಿದ್ದರೆ ಚೆನ್ನಾಗಿ ಕುಲುಕಿ, ಬೆಳೆಗೆ ಎಲೆ ತುಂಬಿದ ಮೇಲೆ, ಬಿಸಿಲು ಇಳಿದ ಹೊತ್ತಿನಲ್ಲಿ ಹೊಡೆಯಬಹುದು. ತಳಗೊಬ್ಬರವನ್ನು ಮಾತ್ರ ಅದರ ನಂಬಿಕೆಯಿಂದ ಬಿಡಕೂಡದು. ತಯಾರಕರು ಕೂಡ ಅದನ್ನು ಮೇಲುಗೊಬ್ಬರದ ಬದಲಿಗೆ ಎನ್ನುತ್ತಾರಲ್ಲದೆ ತಳಗೊಬ್ಬರದ ಬದಲಿಗೆ ಎಂದು ಹೇಳಿಲ್ಲ. ಗದ್ದೆಯವರಿಗಾದರೆ, ಪೈರಿನ ಎಲೆಯನ್ನು ಹಸಿರು ಛಾಯೆಗಳ ಪಟ್ಟಿಯೊಂದಿಗೆ ಹೋಲಿಸಿ, ಬಣ್ಣ ತಗ್ಗಿದಾಗ ಮಾತ್ರ ಯೂರಿಯಾ ಕೊಡುವ ಕ್ರಮವು ಚೀಲದ ಖರ್ಚನ್ನು ಇದಕ್ಕಿಂತ ನಿಶ್ಚಿತವಾಗಿ ಇಳಿಸೀತು.

ವಿಚಿತ್ರವೆಂದರೆ, ಹೆಸರಿಲ್ಲದ ನ್ಯಾನೊ ಪದಾರ್ಥವೊಂದು ಇದೇ ಜಿಲ್ಲೆಯಲ್ಲಿ ರಾಶಿರಾಶಿಯಾಗಿ ಬಿದ್ದಿದೆ. ಭತ್ತದ ಗಿಡವು ನೆಲದ ನೀರಿನೊಡನೆ ಸಿಲಿಕವನ್ನು, ಅಂದರೆ ಮರಳಿನ ಮೂಲವಸ್ತುವನ್ನು, ಹೀರಿ ಅದನ್ನು ಕಾಳಿನ ಹೊಟ್ಟಿನಲ್ಲಿ ಕವಚದಂತೆ ಕೂಡಿಡುತ್ತದೆ. ಹೊಟ್ಟನ್ನು ಹೊಸಕಿದರೆ ಬೆರಳು ತರಚುವುದು ಅದರಿಂದಲೇ. ನೂರು ಕಿಲೊ ಭತ್ತದಿಂದ ಸುಮಾರು 20 ಕಿಲೊ ಹೊಟ್ಟು, ಆ ಹೊಟ್ಟನ್ನು ಉರಿಸಿದರೆ ಸುಮಾರು 4 ಕಿಲೊ ಬೂದಿ, ಆ ಬೂದಿಯಲ್ಲಿ ನೂರಕ್ಕೆ 85ರಿಂದ 95ರಷ್ಟು ಸಿಲಿಕ. ಗಂಗಾವತಿ ಕಾರಟಗಿಗಳ ಅಕ್ಕಿ ಗಿರಣಿಗಳಲ್ಲಿ ಭತ್ತವನ್ನು ಕುದಿಸುವ ಬಾಯ್ಲರಿಗೆ ಈ ಹೊಟ್ಟೇ ಉರುವಲು. ಹೊಟ್ಟನ್ನು ಮೊದಲು ಆಮ್ಲದಲ್ಲಿ ತೊಳೆದು, ಉರಿಯನ್ನು 600ರಿಂದ 700 ಡಿಗ್ರಿ ಸೆಲ್ಸಿಯಸಿನೊಳಗೆ ಹಿಡಿದರೆ, ಸಿಲಿಕವು ಹರಳುಗಟ್ಟದೆ, ನ್ಯಾನೊ ಗಾತ್ರದ ಕಣಗಳು ಒಂದಕ್ಕೊಂದು ಅಂಟಿದ ಬಿಳಿಯ ಹಗುರ ಪುಡಿಯಾಗಿ ಉಳಿಯುತ್ತದೆ. ಟೈರಿನ ರಬ್ಬರಿಗೆ, ಬಣ್ಣಗಳಿಗೆ, ಗಟ್ಟಿ ಕಾಂಕ್ರೀಟಿಗೆ ಇಂಥ ಸಿಲಿಕವು ಬೇಕಾದ ಸರಕು. ಕರಗದ ಪದಾರ್ಥವಾದುದರಿಂದ ಇಲ್ಲಿ ಕಣದ ಸಣ್ಣತನಕ್ಕೆ ನಿಜವಾದ ಬೆಲೆಯಿದೆ. ಬಾಯ್ಲರಿನ ಒಲೆಯು ಆ ಮಿತಿಯನ್ನು ಕಾಯುವುದಿಲ್ಲ. ಉರಿ ಏರಿದಂತೆ ಸಿಲಿಕದ ಒಂದು ಭಾಗವು ಹರಳುಗಟ್ಟಿ, ಮೈ ಕುಗ್ಗಿ, ಸರಕಿನ ಬೆಲೆಯನ್ನು ಕಳೆದುಕೊಳ್ಳುವುದಷ್ಟೇ ಅಲ್ಲದೆ, ಉಸಿರಿನೊಡನೆ ಒಳಹೊಕ್ಕರೆ ಶ್ವಾಸಕೋಶವನ್ನು ಕೆಡಿಸುವ ಧೂಳಾಗುತ್ತದೆ. ಆದುದರಿಂದ ಬೂದಿಯನ್ನು ಬಾಚಿ ಟ್ರ್ಯಾಕ್ಟರಿಗೆ ತುಂಬುವ ಹಮಾಲರು ಮೂಗಿಗೆ ಟವೆಲು ಸುತ್ತಿಕೊಂಡರೆ ಸಾಲದು. ಸೂಕ್ಷ್ಮ ಧೂಳನ್ನು ತಡೆಯುವ ಮುಖವಾಡವನ್ನು ಗಿರಣಿಯವರೇ ಒದಗಿಸಿ, ಬೂದಿಗೆ ನೀರು ಚಿಮುಕಿಸಿದ ಮೇಲೆಯೇ ಅದಕ್ಕೆ ಸಲಿಕೆ ಹಾಕಿಸಬೇಕು.